ಕಟ್ಟೆ ಬಿಟ್ಟು ಕಟ್ಟಿದ ಮನೆ: ಹಳೇ ಹುಬ್ಬಳ್ಳಿಯ ಒಂದು ಪರವಾನಗಿ ಪ್ರಕರಣ

ಹಳೇ ಹುಬ್ಬಳ್ಳಿಯ ಒಂದು ಓಣಿ. ಅಗಲ 12 ಅಡಿ. ಎರಡು ಬೈಕು ಎದುರುಬದುರು ಬಂದರೆ ಒಬ್ಬರು ಕಾಲು ಮಡಚಿ ನಿಲ್ಲಬೇಕು. ಆ ಓಣಿಯ ನಡುವೆ ಒಂದು ಮನೆ. ಮುಂದುಗಡೆ 22 ಅಡಿ, ಹಿಂದಕ್ಕೆ ಉದ್ದ 58 ಅಡಿ. ಕಲ್ಲು-ಮಣ್ಣಿನ ದಪ್ಪ ಗೋಡೆ, ಸಾಗವಾನಿ ಕಂಬ, ಜಂತಿಯ ಮೇಲೆ ಮೇಲ್ಮುದ್ದೆ, ಅಂದರೆ ಮಣ್ಣಿನ ಚಾವಣಿ. ಬಾಗಿಲ ಎರಡೂ ಕಡೆ ಕಲ್ಲಿನ ಕಟ್ಟೆ. ಸಂಜೆಯಾದರೆ ಮನೆಯ ಹಿರಿಯಮ್ಮ ಆ ಕಟ್ಟೆಯ ಮೇಲೆ ಕೂತು ಅಕ್ಕಿ ಆರಿಸುತ್ತಿದ್ದರು. ಓಣಿಯ ಅರ್ಧ ಮಾತು ಅಲ್ಲೇ ಆಗುತ್ತಿತ್ತು.

2024ರ ಜುಲೈ ಮಳೆಯಲ್ಲಿ ಈ ಮನೆಯ ಹಿಂದಿನ ಗೋಡೆ ಬಿತ್ತು. ಯಾರಿಗೂ ಏನೂ ಆಗಲಿಲ್ಲ. ಅಡುಗೆಮನೆಯ ಭಾಂಡೆಗಳು ಮಾತ್ರ ಮಣ್ಣಿನಡಿ ಸೇರಿದವು. ಅಲ್ಲಿಂದ ಶುರುವಾದ ಕೆಲಸ ಮುಗಿಯೋಕೆ ಒಂದೂವರೆ ವರ್ಷಕ್ಕಿಂತ ಜಾಸ್ತಿ ಬೇಕಾಯಿತು.

ನಾನು ಹುಬ್ಬಳ್ಳಿ-ಧಾರವಾಡದಲ್ಲಿ ಮನೆಗಳ ನಕ್ಷೆ ಮಾಡಿ ಪರವಾನಗಿಗೆ ಹಾಕುವ ಸಿವಿಲ್ ಎಂಜಿನಿಯರ್. ಇದನ್ನು ಮನೆಯವರ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಹೆಸರು, ಓಣಿಯ ಗುರುತು ಬಿಟ್ಟಿದ್ದೇನೆ. ನಮ್ಮ ಕಡೆ ಹಳೇ ಊರಿನ ಮನೆಗಳಲ್ಲಿ ಇಂಥದ್ದು ದಿನಾ ನಡೆಯುತ್ತದೆ. ಒಂದು ಮನೆಯ ಕಥೆಯನ್ನು ಪೂರ್ತಿ ಬರೆದಿಟ್ಟರೆ ಇನ್ನೊಂದು ಮನೆಯವರಿಗೆ ದಾರಿ ಕಾಣಬಹುದು ಅನ್ನೋದೇ ನನ್ನ ಆಸೆ.

ರಿಪೇರಿ ಅಂತ ಶುರುವಾಗಿದ್ದು

ಗೋಡೆ ಬಿದ್ದ ಮೇಲೆ ಮನೆಯ ಇಬ್ಬರು ಗಂಡುಮಕ್ಕಳು ಒಬ್ಬ ಗೌಂಡಿಯನ್ನು ಕರೆಸಿದರು. ಮೊದಲು ಮಾತಾಗಿದ್ದು ಹಿಂದಿನ ಗೋಡೆಯದ್ದು ಮಾತ್ರ. ಗೌಂಡಿ ಜಂತಿಗಳನ್ನು ತಟ್ಟಿ ನೋಡಿ, 'ಒರಲಿ ಹತ್ತೇತ್ರಿ, ಇದರ ಮ್ಯಾಲ ರೊಕ್ಕ ಹಾಕಬ್ಯಾಡ್ರಿ' ಅಂದ. ಅದು ನಿಜವೇ. ಗೆದ್ದಲು ಹತ್ತಿದ ಜಂತಿಯ ಮೇಲೆ ಮತ್ತೆ ಮಣ್ಣು ಏರಿಸುವುದು ಅಪಾಯ. ಹಾಗಾಗಿ ಮೇಲ್ಮುದ್ದೆ ಇಳಿಸಿದರು. ಮೇಲ್ಮುದ್ದೆ ಇಳಿದ ಮೇಲೆ ಗೋಡೆ ಯಾಕೆ ಅಂತ ಅದನ್ನೂ ತೆಗೆದರು. ಹೇಗೂ ಜಾಗ ಖಾಲಿ ಆಯಿತಲ್ಲ, ಕಾಲಂ ಎಬ್ಬಿಸಿ ಆರ್‌ಸಿಸಿ ಮಾಡೋಣ ಅಂದರು. ದಸರಾ ಹೊತ್ತಿಗೆ ಆರು ಕಾಲಂ ಆಳೆತ್ತರ ನಿಂತಿದ್ದವು.

ಪರವಾನಗಿ ಕೇಳಬೇಕು ಅಂತ ಮಕ್ಕಳಿಗೆ ಅನಿಸಿರಲಿಲ್ಲ ಅಂತಲ್ಲ. ಒಬ್ಬರು ಬಂದು, 'ರಿಪೇರಿ ಅಂತ ಬರೆಸಿ ಒಳಗಿಂದ ಮಾಡಿಸಿಕೊಡತೀನಿ' ಅಂತ ಹೇಳಿ 18 ಸಾವಿರ ರೂಪಾಯಿ ತೆಗೆದುಕೊಂಡಿದ್ದರು. ರಸೀದಿ ಇಲ್ಲ, ಅರ್ಜಿಯ ನಂಬರ್ ಇಲ್ಲ. ಆಮೇಲೆ ಆ ವ್ಯಕ್ತಿ ಫೋನ್ ಎತ್ತಲಿಲ್ಲ.

ಇಲ್ಲಿ ರಿಪೇರಿ ಅಂದರೆ ಏನು ಅನ್ನೋದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಗಿಲಾಯಿ, ಸುಣ್ಣ-ಬಣ್ಣ, ನೆಲಹಾಸು ಬದಲಿಸುವುದು, ಒಡೆದ ಹಂಚು ಹಾಕುವುದು, ಇದ್ದ ಬಾಗಿಲು-ಕಿಟಕಿ ಇದ್ದಲ್ಲೇ ಬದಲಿಸುವುದು: ಇಂಥವಕ್ಕೆ ಪರವಾನಗಿ ಬೇಕಿಲ್ಲ. ಆದರೆ ಭಾರ ಹೊರುವ ಗೋಡೆ ತೆಗೆದಿರಿ, ಹೊಸ ಪಾಯ ತೋಡಿದಿರಿ, ಎತ್ತರ ಏರಿಸಿದಿರಿ ಅಂದರೆ ಅದು ಹೊಸ ಕಟ್ಟಡವೇ. ಕರ್ನಾಟಕ ಮಹಾನಗರ ಪಾಲಿಕೆಗಳ ಕಾಯ್ದೆ 1976ರ ಕಲಂ 299ರ ಪ್ರಕಾರ ಕಟ್ಟೋದಕ್ಕೂ, ಕೆಡವಿ ಮತ್ತೆ ಕಟ್ಟೋದಕ್ಕೂ ಮೊದಲು ಅರ್ಜಿ ಹಾಕಬೇಕು. ಹಿಂದಿನ ಗೋಡೆ ಒಂದನ್ನೇ ಇದ್ದಂತೆ ಎಬ್ಬಿಸಿದ್ದರೆ ಮಾತು ಬೇರೆ ಇತ್ತು. ಮೇಲ್ಮುದ್ದೆ ಇಳಿಸಿ, ಗೋಡೆ ತೆಗೆದು, ಕಾಲಂ ಗುಂಡಿಗೆ ಗುದ್ದಲಿ ಹಾಕಿದ ದಿನ ರಿಪೇರಿ ಅನ್ನೋ ಮಾತು ಮುಗಿಯಿತು.

ಪಕ್ಕದ ಮನೆಯ ಬಿರುಕು

ದೂರು ಕೊಟ್ಟವರು ಪಕ್ಕದ ಮನೆಯವರು. ಎರಡು ಮನೆಗೂ ಸೇರಿ ಒಂದೇ ಗೋಡೆ, ದಪ್ಪ 2 ಅಡಿ 3 ಇಂಚು. ಈ ಕಡೆಯ ಜಂತಿಗಳನ್ನು ಕಿತ್ತಾಗ ಗೋಡೆಯಲ್ಲಿ ಸಾಲಾಗಿ ತೂತು ಬಿದ್ದವು. ಕಾಲಂಗೆ ಗುಂಡಿ ತೋಡಿದ್ದು ಗೋಡೆಯ ಬುಡದಲ್ಲೇ. ಒಂದು ವಾರದಲ್ಲಿ ಆ ಮನೆಯ ದೇವರಕೋಣೆಯ ಮೂಲೆಯಲ್ಲಿ ಕಿರುಬೆರಳು ತೂರುವಷ್ಟು ಬಿರುಕು ಬಂತು.

ಮಕ್ಕಳಿಗೆ ಪಕ್ಕದವರ ಮೇಲೆ ಸಿಟ್ಟಿತ್ತು. 'ಐವತ್ತು ವರ್ಷ ಕೂಡಿ ಇದ್ದವರು, ಹೋಗಿ ಕಂಪ್ಲೇಂಟ್ ಕೊಟ್ಟರಲ್ಲ' ಅಂತ. ನಾನು ಆ ಬಿರುಕು ನೋಡಿದ್ದೇನೆ. ದೂರು ಕೊಟ್ಟಿದ್ದು ಸರಿ ಅಂತಲೇ ಇವತ್ತಿಗೂ ಹೇಳುತ್ತೇನೆ. ಅವರು ಬಾಯಿಮಾತಲ್ಲಿ ಎರಡು ಸಲ ಹೇಳಿದ್ದರು. ಯಾರೂ ಕೇಳಿರಲಿಲ್ಲ.

ಪಾಲಿಕೆಯಿಂದ ಅದೇ ಕಾಯ್ದೆಯ ಕಲಂ 321ರಡಿ ನೋಟಿಸ್ ಬಂತು. ಪರವಾನಗಿ ಇಲ್ಲದೆ ಕೆಲಸ ನಡೆದಿದೆ, ನಿಲ್ಲಿಸಿ, ಯಾಕೆ ಕೆಡವಬಾರದು ಅನ್ನೋದಕ್ಕೆ ಕಾರಣ ಕೊಡಿ ಅಂತ. ಜನ ಹೆಚ್ಚಾಗಿ ತಪ್ಪು ಮಾಡೋದು ಇಲ್ಲೇ. ನೋಟಿಸ್ ಬಂದರೆ ರಾತ್ರೋರಾತ್ರಿ ಸ್ಲ್ಯಾಬ್ ಹಾಕಿಬಿಟ್ಟರೆ ಆಮೇಲೆ ಯಾರು ಕೆಡವತಾರೆ ಅಂತ ಲೆಕ್ಕ ಹಾಕುತ್ತಾರೆ. ಹಿರಿಮಗನೂ ಅದನ್ನೇ ಕೇಳಿಕೊಂಡು ನನ್ನ ಹತ್ತಿರ ಬಂದಿದ್ದ. ಕಂಪ್ಲೇಂಟ್ ಕೊಟ್ಟವರ ಬಾಯಿ ಮುಚ್ಚಿಸೋದು ಹೇಗೆ, ಸ್ಲ್ಯಾಬಿಗೆ ಎಷ್ಟು ದಿನ ಬೇಕು. ಅವನಿಗೆ ಬೇಕಾಗಿದ್ದು ಇವೆರಡಕ್ಕೆ ಉತ್ತರ.

ನಾನು ಮೊದಲು ಮಾಡಿಸಿದ್ದು ಮೂರು ಕೆಲಸ. ಪಕ್ಕದ ಗೋಡೆಗೆ ಬಲ್ಲೀಸು ಕೊಟ್ಟು ಆಸರೆ ಕಟ್ಟಿಸಿದೆ. ಗೋಡೆ ಬುಡದ ಗುಂಡಿಗಳನ್ನು ಮುಚ್ಚಿಸಿ ದಮ್ಮಸ್ ಮಾಡಿಸಿದೆ. ಆಮೇಲೆ ನೋಟಿಸಿಗೆ ಹೇಳಿದ ದಿನದೊಳಗೆ ಬರಹದಲ್ಲಿ ಉತ್ತರ ಕೊಡಿಸಿದೆ: ಕೆಲಸ ನಿಲ್ಲಿಸಿದ್ದೇವೆ, ಫೋಟೋ ಇಟ್ಟಿದ್ದೇವೆ, ದಾಖಲೆ ಸರಿಮಾಡಿ ಪರವಾನಗಿಗೆ ಅರ್ಜಿ ಹಾಕುತ್ತೇವೆ, ಕಾಲಾವಕಾಶ ಕೊಡಿ. ಕೆಲಸ ನಿಜವಾಗಿಯೂ ನಿಲ್ಲಿಸಿದೆವು. ಒಂದು ಪುಟ್ಟಿ ಸಿಮೆಂಟು ಕೂಡ ಕಲಸಲಿಲ್ಲ. ಉತ್ತರದಲ್ಲಿ ಬರೆದದ್ದಕ್ಕೂ ಜಾಗದಲ್ಲಿ ಇದ್ದದ್ದಕ್ಕೂ ಒಂದೇ ಒಂದು ವ್ಯತ್ಯಾಸ ಇರಬಾರದು ಅಂತ ಹಟ ಹಿಡಿದಿದ್ದೆ.

ಉತಾರ ತೆಗೆಸಿದಾಗ

ಮಕ್ಕಳು ನಕ್ಷೆ ತೆಗೆಯಿರಿ ಅಂತ ಅವಸರ ಮಾಡಿದರು. ನಾನು ಉತಾರ, ಅಂದರೆ ಜಾಗ ಯಾರ ಹೆಸರಲ್ಲಿದೆ ಅಂತ ಹೇಳುವ ದಾಖಲೆ, ತೋರಿಸಿ ಅಂದೆ. ಅವರು ಕರದ ರಸೀದಿಗಳ ಕಟ್ಟು ತಂದು ಇಟ್ಟರು. 'ಒಂದು ವರ್ಷನೂ ಬಾಕಿ ಇಲ್ರಿ. ಮನಿ ನಮ್ದ ಐತಿ.' ಕರ ತುಂಬಿದ್ದು ಒಳ್ಳೆಯದೇ. ಆದರೆ ಕರದ ರಸೀದಿ ಮಾಲಕತ್ವದ ದಾಖಲೆ ಅಲ್ಲ.

ನಮ್ಮ ಭಾಗ 1956ರವರೆಗೆ ಮುಂಬೈ ರಾಜ್ಯದಲ್ಲಿತ್ತು. ಆ ಕಾಲದಿಂದ ಬಂದ ಸಿಟಿ ಸರ್ವೆ ಪದ್ಧತಿ ಹುಬ್ಬಳ್ಳಿ, ಧಾರವಾಡ, ಗದಗದಂಥ ಊರುಗಳ ಹಳೇ ಭಾಗದಲ್ಲಿ ಇನ್ನೂ ಜೀವಂತವಾಗಿದೆ. ಪ್ರತಿ ಮನೆಗೂ ಒಂದು ಸಿಟಿಎಸ್ ನಂಬರ್. ಆ ನಂಬರಿಗೆ ಒಂದು ಪ್ರಾಪರ್ಟಿ ಕಾರ್ಡ್. ನಾವು ಅದನ್ನೇ ಉತಾರ ಅನ್ನೋದು. ಜಾಗ ಎಷ್ಟು ಚದರ ಮೀಟರ್, ಯಾರ ಹೆಸರಲ್ಲಿದೆ, ಸಾಲ-ಬೋಜಾ ಏನಿದೆ ಎಲ್ಲಾ ಅದರಲ್ಲಿ. ಪಾಲಿಕೆಯ ಕರದ ಪುಸ್ತಕ ಬೇರೆ, ಇದು ಬೇರೆ. ಎರಡೂ ಒಂದನ್ನೊಂದು ತಾವಾಗಿ ತಿದ್ದಿಕೊಳ್ಳುವುದಿಲ್ಲ. ಬೆಂಗಳೂರಿನಲ್ಲಿರುವ ನೆಂಟರು 'ಖಾತೆ ಒಂದು ಇದ್ದರೆ ಸಾಕು' ಅಂತ ಹೇಳಿದ ಬುದ್ಧಿ ಹಳೇ ಹುಬ್ಬಳ್ಳಿಯಲ್ಲಿ ನಡೆಯೋದಿಲ್ಲ.

ಉತಾರ ತೆಗೆಸಿದೆವು. ಹೆಸರು ಹಿರಿಯಮ್ಮನ ಮಾವನವರದ್ದು. ಅವರು ತೀರಿದ್ದು 1987ರಲ್ಲಿ. ಅವರ ಮಗ, ಅಂದರೆ ಹಿರಿಯಮ್ಮನ ಯಜಮಾನರು, ತೀರಿದ್ದು 2011ರಲ್ಲಿ. ಅವರ ಹೆಸರು ಉತಾರಕ್ಕೆ ಬಂದೇ ಇರಲಿಲ್ಲ. ಕರದ ಪುಸ್ತಕದಲ್ಲಿ ಮಾತ್ರ ಅವರ ಹೆಸರು ಇತ್ತು. ಸತ್ತ ಇಬ್ಬರ ಹೆಸರಲ್ಲಿರುವ ಮನೆಗೆ ಪರವಾನಗಿ ಕೇಳೋರು ಯಾರು?

ಅದೇ ಉತಾರದಲ್ಲಿ ಇನ್ನೊಂದು ಸಂಗತಿ ಇತ್ತು. ವಿಸ್ತೀರ್ಣ 113.4 ಚದರ ಮೀಟರ್. ನಾನು ಟೇಪು ಹಿಡಿದಾಗ ಸಿಕ್ಕಿದ್ದು 22 ಅಡಿಗೆ 58, ಅಂದರೆ ಸುಮಾರು 118.5. ಐದು ಚದರ ಮೀಟರ್ ಎಲ್ಲಿಂದ ಬಂತು ಅಂತ ಆಗ ನಾನು ಯಾರಿಗೂ ಹೇಳಲಿಲ್ಲ. ನನಗೆ ಅಂದಾಜು ಇತ್ತು. ಸರ್ವೆಯವರೇ ಬಂದು ಹೇಳಲಿ ಅಂತ ಸುಮ್ನೆ ಇದ್ದೆ.

ಗದಗದ ಮಗಳು

ವಾರಸಾ ಮಾಡಿಸಬೇಕಿತ್ತು, ಅಂದರೆ ತೀರಿದವರ ಬದಲು ವಾರಸುದಾರರ ಹೆಸರು ಉತಾರಕ್ಕೆ ಹತ್ತಿಸಬೇಕಿತ್ತು. ಮಾವನವರಿಗೆ ಒಬ್ಬನೇ ಮಗ. ಅತ್ತೆ ಅದಕ್ಕೂ ಮೊದಲೇ ತೀರಿದ್ದರು. ಹಾಗಾಗಿ ಮೊದಲ ಹೆಜ್ಜೆ ಸರಳ. ಎರಡನೇ ಹೆಜ್ಜೆಯಲ್ಲಿ ಮಕ್ಕಳು ವಂಶವೃಕ್ಷ ಬರೆದು ತಂದರು: ತಾಯಿ, ಇಬ್ಬರು ಗಂಡುಮಕ್ಕಳು. ಅಷ್ಟೇ.

'ತಂಗಿ?' ಅಂದೆ.

'ಆಕಿ ಗದಗಕ್ಕ ಕೊಟ್ಟೇವಲ್ರಿ. ಮದುವಿಯೊಳಗ ಎಲ್ಲಾ ಮಾಡೇವಿ.'

ಈ ಮಾತನ್ನು ನಾನು ತಿಂಗಳಿಗೆ ಒಂದು ಸಲವಾದರೂ ಕೇಳುತ್ತೇನೆ. ಕೆಟ್ಟ ಮನಸ್ಸಿನಿಂದ ಹೇಳುವವರು ಕಡಿಮೆ. ನಿಜವಾಗಿ ಹಾಗೇ ಅಂತ ನಂಬಿರುತ್ತಾರೆ. ಇನ್ನು ಕೆಲವರು 2005ರ ತಿದ್ದುಪಡಿ ಆದಮೇಲೆ ಹೆಣ್ಣುಮಕ್ಕಳಿಗೆ ಹಕ್ಕು ಬಂತು, ನಮ್ಮದು ಅದಕ್ಕಿಂತ ಹಳೇದು ಅಂತ ವಾದ ಮಾಡುತ್ತಾರೆ. 2005ರ ತಿದ್ದುಪಡಿ, ಅದಕ್ಕೂ ಮೊದಲು ನಮ್ಮ ರಾಜ್ಯದ್ದೇ 1994ರ ತಿದ್ದುಪಡಿ, ಇವೆಲ್ಲಾ ಒಟ್ಟು ಕುಟುಂಬದ ಆಸ್ತಿಯಲ್ಲಿ ಹುಟ್ಟಿನಿಂದ ಬರುವ ಪಾಲಿನ ಮಾತು. ತಂದೆಯ ಸ್ವಂತ ಆಸ್ತಿ, ಅವರು ಮೃತ್ಯುಪತ್ರ ಬರೆಯದೆ ತೀರಿಕೊಂಡರೆ, ಹೆಂಡತಿ, ಗಂಡುಮಕ್ಕಳು, ಹೆಣ್ಣುಮಕ್ಕಳು ಎಲ್ಲರಿಗೂ ಸಮಪಾಲು. ಇದು 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಿಂದಲೇ ಇದೆ. ಈ ಮನೆ ಮಾವನವರು ತಮ್ಮ ದುಡಿಮೆಯಲ್ಲಿ ಕೊಂಡದ್ದು. ಒಬ್ಬನೇ ಮಗನಿಗೆ ಬಂತು. ಅವರಿಂದ ನಾಲ್ಕು ಜನಕ್ಕೆ, ತಲಾ ಕಾಲು ಪಾಲು. ಒಬ್ಬ ವಕೀಲರ ಹತ್ತಿರ ಕರೆದುಕೊಂಡು ಹೋಗಿ ಇದನ್ನು ಮಕ್ಕಳಿಗೆ ಅವರ ಬಾಯಿಂದಲೇ ಕೇಳಿಸಿದೆ.

ಹೆಸರು ಬಿಟ್ಟು ವಂಶವೃಕ್ಷ ಮಾಡಿಸೋದು ಸುಳ್ಳು ದಾಖಲೆ. ಮುಂದೆ ಯಾವತ್ತಾದರೂ ಬ್ಯಾಂಕ್ ಸಾಲಕ್ಕೆ ಹೋದರೂ, ಮನೆ ಮಾರಲು ಹೋದರೂ ಅದು ಮೇಲೆ ಬರುತ್ತದೆ. ಇಷ್ಟೆಲ್ಲಾ ಹೇಳಿದ ಮೇಲೆ ಕಿರಿಮಗ ಅಲ್ಲೇ ಕೂತು ತಂಗಿಗೆ ಫೋನ್ ಮಾಡಿದ.

ಆಕೆ ಬಂದದ್ದು ಒಂದು ರವಿವಾರ. ಮಕ್ಕಳು ಹಕ್ಕುಬಿಡುಗಡೆ ಪತ್ರ ಮಾಡಿಕೊಡು ಅಂತ ಕೇಳಿದರು. ಆಕೆ ಸ್ವಲ್ಪ ಹೊತ್ತು ಮಾತಾಡಲಿಲ್ಲ. ಮೇಲ್ಮುದ್ದೆ ಇಲ್ಲದ ಪಡಸಾಲೆಯಲ್ಲಿ ನಿಂತು ಸುತ್ತ ನೋಡಿದರು. ಆಮೇಲೆ, 'ಹಕ್ಕು ಬಿಡೂದಿಲ್ಲ ಅಣ್ಣಾ. ಮನಿ ಕಟ್ಟಾಕ ಅಡ್ಡನೂ ಬರೂದಿಲ್ಲ. ನನ್ನ ಹೆಸರು ಇರಲಿ, ಎಲ್ಲಿ ಸಹಿ ಬೇಕೋ ಅಲ್ಲಿ ಮಾಡತೀನಿ' ಅಂದರು.

ನನಗೆ ಆಗ ತುಂಬಾ ಸಮಾಧಾನ ಆಯಿತು. ಪರವಾನಗಿಗೆ ಹಕ್ಕು ಬಿಡಿಸಿಕೊಳ್ಳುವ ಅಗತ್ಯವೇ ಇಲ್ಲ. ಉತಾರದಲ್ಲಿರುವ ಎಲ್ಲರೂ ಅರ್ಜಿಗೆ ಸಹಿ ಮಾಡಿದರೆ ಸಾಕು. ಬಹಳ ಮನೆಗಳಲ್ಲಿ ಪರವಾನಗಿಯ ನೆಪದಲ್ಲಿ ಹೆಣ್ಣುಮಕ್ಕಳ ಹಕ್ಕು ಬಿಡಿಸಿಕೊಳ್ಳುತ್ತಾರೆ. ಆ ಎರಡನ್ನೂ ಒಂದೇ ಕೆಲಸ ಅಂತ ತಿಳಿದವರೇ ಜಾಸ್ತಿ. ಅಲ್ಲ. ಇದನ್ನು ದಯವಿಟ್ಟು ನೆನಪಿಡಿ.

ಉಳಿದದ್ದು ಕಾಗದದ ಓಡಾಟ. ಇಬ್ಬರ ಮರಣ ಪ್ರಮಾಣಪತ್ರ, ನಾಡಕಚೇರಿಯಿಂದ ವಂಶವೃಕ್ಷ, ಋಣಭಾರ ಪ್ರಮಾಣಪತ್ರ. ಹಿರಿಯಮ್ಮನ ಆಧಾರ್‌ನಲ್ಲಿ ಹೆಸರಿನ ಕೊನೆಗೆ 'ಅವ್ವ', ಹಳೇ ಕಾಗದದಲ್ಲಿ 'ಬಾಯಿ'. ಇಬ್ಬರೂ ಒಬ್ಬರೇ ಅಂತ ಅಫಿಡವಿಟ್ ಬೇಕಾಯಿತು. ನಮ್ಮ ಕಡೆಯ ಹಿರಿಯ ಹೆಂಗಸರಿಗೆ ಈ ಅವ್ವ-ಬಾಯಿ ತೊಂದರೆ ಎಷ್ಟು ಜನಕ್ಕಿದೆಯೋ ಲೆಕ್ಕ ಇಲ್ಲ. ಮನೆ ಕಟ್ಟುವ ವಿಚಾರ ಬಂದ ದಿನವೇ ಎಲ್ಲಾ ಕಾಗದ ಪಕ್ಕಪಕ್ಕ ಇಟ್ಟು ಹೆಸರು ಓದಿ ನೋಡಿ.

ಕಟ್ಟೆಯ ಮೇಲೆ ಬಿದ್ದ ಸುಣ್ಣದ ಗೆರೆ

ಹದ್ದುಬಸ್ತಿಗೆ, ಅಂದರೆ ಜಾಗದ ಗಡಿ ಅಳೆದು ಗುರುತು ಮಾಡಲು, ಅರ್ಜಿ ಹಾಕಿದ್ದೆವು. ಸರ್ವೆಯವರು ಬೆಳಿಗ್ಗೆ ಬಂದರು. ಪಕ್ಕದವರನ್ನೂ ಕರೆದಿದ್ದೆವು, ಅವರೂ ಬಂದು ನಿಂತರು. ಓಣಿಯ ತಿರುವಿನಲ್ಲಿದ್ದ ಗುರುತಿನ ಕಲ್ಲಿನಿಂದ ಅಳೆಯುತ್ತಾ ಬಂದರು. ಎರಡೂ ಮನೆಗೆ ಸೇರಿದ ಸಾಮಾಯಿಕ ಗೋಡೆಯ ಹತ್ತಿರ ಗೆರೆ ಗೋಡೆಯ ನಟ್ಟನಡುವೆ ಬಂತು. ಅರ್ಧ ಇವರದು, ಅರ್ಧ ಅವರದು. ಅದಕ್ಕೆ ಯಾರದೂ ತಕರಾರು ಇರಲಿಲ್ಲ.

ಆಮೇಲೆ ಮುಂದಿನ ಸಾಲು. ಬಾಗಿಲ ಹೊಸ್ತಿಲ ಹೊರಗೆ ಸುಣ್ಣದ ಪುಡಿ ಬಿತ್ತು. ಗೆರೆ ಬಿದ್ದದ್ದು ಗೋಡೆಗೆ ಕಟ್ಟೆ ಕೂಡುವ ಜಾಗದಲ್ಲಿ. ಇಡೀ ಕಟ್ಟೆ ಗೆರೆಯ ಆಚೆ. ಎರಡೂವರೆ ಅಡಿ ಅಗಲ, 22 ಅಡಿ ಉದ್ದ, 55 ಚದರಡಿ. ಆ ಐದು ಚದರ ಮೀಟರ್ ಅದೇ. ಕಟ್ಟೆ ಇದ್ದದ್ದು ಓಣಿಯ ಜಾಗದಲ್ಲಿ.

ಹಿರಿಯಮ್ಮ ಗೆರೆಯನ್ನು ನೋಡಿದರು. 'ನಾ ಮದುವಿ ಆಗಿ ಬಂದಾಗಿಂದ ಐತೆಲ್ಲೋ ಇದು' ಅಂದರು. ಯಾರೂ ಉತ್ತರ ಕೊಡಲಿಲ್ಲ. ಸರ್ವೆಯವರು ಪಾಪ ತಲೆ ತಗ್ಗಿಸಿ ಪುಸ್ತಕದಲ್ಲಿ ಬರೆಯುತ್ತಾ ಇದ್ದರು.

ಓಣಿಯ ಹಳೇ ಮನೆಗಳಿಗೆಲ್ಲಾ ಹೀಗೇ ಕಟ್ಟೆ ಇದೆ. ಇದ್ದ ಕಟ್ಟೆ ಇದ್ದಂತೆ ಇರುವವರೆಗೆ ಯಾರೂ ಕೇಳೋದಿಲ್ಲ. ಆದರೆ ಹೊಸ ನಕ್ಷೆಯಲ್ಲಿ ಅದನ್ನು ನಿವೇಶನ ಅಂತ ತೋರಿಸಲು ಬರುವುದಿಲ್ಲ. ಕೆಲವರು ಅದನ್ನೂ ಸೇರಿಸಿ 58 ಅಡಿ ಬರೆಯುತ್ತಾರೆ. ಹಾಗೆ ಬರೆದ ನಕ್ಷೆ ಉತಾರದ ಜೊತೆ ತಾಳೆಯಾಗದೆ ವಾಪಸ್ ಬರುತ್ತದೆ. ನಾನು 55 ಅಡಿ 6 ಇಂಚು ಬರೆದೆ. 1221 ಚದರಡಿ.

ಹಗೇವು

ಈಗ ನಿಂತಿದ್ದ ಆರು ಕಾಲಂಗಳ ವಿಚಾರ. ಮಕ್ಕಳಿಗೆ ಅವನ್ನು ಉಳಿಸಿಕೊಳ್ಳುವ ಆಸೆ. ಹಣ ಹೋಗಿದೆ, ಕಬ್ಬಿಣ ಹೋಗಿದೆ. ನನಗೂ ಉಳಿಸಬೇಕು ಅಂತಲೇ ಇತ್ತು. ಒಂದು ಕಾಲಂ ಪಕ್ಕ ತೋಡಿಸಿ ನೋಡಿದೆ.

ಹುಬ್ಬಳ್ಳಿಯ ಎರೆ ಮಣ್ಣು ಮಳೆಗಾಲದಲ್ಲಿ ಉಬ್ಬುತ್ತದೆ, ಬೇಸಿಗೆಯಲ್ಲಿ ಬಿರುಕು ಬಿಡುತ್ತದೆ. ಅದರ ಮೇಲೆ ಪಾಯ ಕೂರಿಸಿದರೆ ಮನೆಯೂ ಅದರ ಜೊತೆ ಏರಿಳಿಯುತ್ತದೆ. ಎರೆ ದಾಟಿ ಅಡಿಯ ಗಟ್ಟಿ ಗರಸಿನ ಮೇಲೆ ಕೂರಿಸಬೇಕು. ಇಲ್ಲಿ ಫುಟಿಂಗ್ ಇಟ್ಟದ್ದು ಮೂರೂವರೆ ಅಡಿಗೆ. ಗರಸು ಸಿಕ್ಕಿದ್ದು ಏಳೂವರೆ ಅಡಿಗೆ. ಕಾಲಂ 9 ಇಂಚಿಗೆ 9, ನಾಲ್ಕು 12 ಮಿಲಿಮೀಟರ್ ಸರಳು. ಸರಳುಗಳನ್ನು ಸುತ್ತಿ ಹಿಡಿಯುವ ರಿಂಗು ಒಂದೊಂದು ಅಡಿಗೆ. ಕಾಂಕ್ರೀಟ್ ಕೆಲಸದ ಭಾರತೀಯ ಮಾನದಂಡ ಐಎಸ್ 456ರ ಲೆಕ್ಕದಲ್ಲಿ ರಿಂಗಿನ ನಡುವಿನ ಅಂತರ ಸಣ್ಣ ಸರಳಿನ ವ್ಯಾಸದ 16 ಪಟ್ಟು ದಾಟಬಾರದು. 12 ಮಿಲಿಮೀಟರ್ ಸರಳಿಗೆ ಅದು 192 ಮಿಲಿಮೀಟರ್, ಏಳೂವರೆ ಇಂಚು. ಇಲ್ಲಿ ಅದರ ಒಂದೂವರೆ ಪಟ್ಟಿಗಿಂತ ಜಾಸ್ತಿ ಇತ್ತು.

ಪಡಸಾಲೆಯ ಮೂಲೆಯ ಕಾಲಂ ಪಕ್ಕ ತೋಡುತ್ತಿದ್ದ ಹುಡುಗನ ಹಾರೆ ಒಮ್ಮೆಲೇ ಒಳಗೆ ಇಳಿಯಿತು. ಬಗ್ಗಿ ನೋಡಿದರೆ ಬೂದಿ, ಒಡೆದ ಹಂಚು, ಸಡಿಲ ಮಣ್ಣು. ಹಿರಿಯಮ್ಮನನ್ನು ಕೇಳಿದೆ. 'ಅಲ್ಲೇ ಹಗೇವು ಇತ್ತಲ್ಲ. ಜೋಳ ತುಂಬತಿದ್ವಿ. ಆಮ್ಯಾಲ ನಮ್ಮ ಮಾವನೋರು ಮುಚ್ಚಿಸಿದರು' ಅಂದರು. ಬಾಯಿ ಸಣ್ಣ, ಹೊಟ್ಟೆ ದೊಡ್ಡ, ಕೊಡದ ಆಕಾರದ ನೆಲದೊಳಗಿನ ಕಣಜ ಅದು. ಫುಟಿಂಗಿನ ಅರ್ಧ ಅದರ ಅಂಚಿನ ಮೇಲೆ ಕೂತಿತ್ತು. ಆ ಕಾಲಂ ಮೇಲೆ ಎರಡು ಸ್ಲ್ಯಾಬ್ ಬೀಳುವುದಿತ್ತು.

ನಾನು ಅಲ್ಲೇ ಕೂತುಬಿಟ್ಟೆ. 2019ರ ಮಾರ್ಚ್ 19ರಂದು ಧಾರವಾಡದ ಕುಮಾರೇಶ್ವರ ನಗರದಲ್ಲಿ ಕಟ್ಟುತ್ತಿದ್ದ ಕಟ್ಟಡ ಕುಸಿದು 19 ಜನ ಸತ್ತರು. ಆ ದಿನಗಳು ಇಲ್ಲಿ ಕಟ್ಟಡದ ಕೆಲಸ ಮಾಡುವ ಯಾರಿಗೂ ಮರೆಯುವಂಥದ್ದಲ್ಲ. ಪರವಾನಗಿ ಅಂದರೆ ಸುಮ್ನೆ ಕಾಗದ ಅನ್ನುವವರಿಗೆ ನಾನು ಹೇಳೋದು ಇಷ್ಟೇ: ನೆಲದ ಅಡಿ ಏನಿದೆ ಅಂತ ಯಾರಾದರೊಬ್ಬರು ಸಹಿ ಹಾಕಿ ಜವಾಬ್ದಾರಿ ಹೊರಬೇಕು. ಆ ಸಹಿ ಬೇಡುವ ಒಂದೇ ಜಾಗ ಪರವಾನಗಿ. ಈ ಮನೆಯಲ್ಲಿ ನೋಟಿಸ್ ಬರದೇ ಹೋಗಿದ್ದರೆ ಆ ಹಗೇವು ಯಾರಿಗೂ ಗೊತ್ತಾಗುತ್ತಿರಲಿಲ್ಲ.

ಆರೂ ಕಾಲಂ ಒಡೆದೆವು. ಕಬ್ಬಿಣ, ಸಿಮೆಂಟು, ಕೂಲಿ, ಒಡೆಸಿದ ಖರ್ಚು, ರಾಡಿ ಸಾಗಿಸಿದ್ದು ಎಲ್ಲಾ ಸೇರಿ ಆ ಮನೆಗೆ 2 ಲಕ್ಷ 30 ಸಾವಿರ ರೂಪಾಯಿ ನಷ್ಟ. ಮಕ್ಕಳು ದೊಡ್ಡ ಕೆಲಸದಲ್ಲಿಲ್ಲ. ಒಬ್ಬ ಅಂಗಡಿಯಲ್ಲಿ ಲೆಕ್ಕ ಬರೆಯುತ್ತಾನೆ, ಇನ್ನೊಬ್ಬ ಟಂಟಂ ಓಡಿಸುತ್ತಾನೆ. ಆ ನಷ್ಟ ನನಗೂ ನೋವು ಕೊಟ್ಟಿತು.

ನಕ್ಷೆ ಮತ್ತು ಅರ್ಜಿ

ಮಕ್ಕಳಿಗೆ ಬೇಕಿದ್ದದ್ದು ಕೆಳಗೆ ಎರಡು ಅಂಗಡಿ, ಮೇಲೆ ಎರಡು ಮನೆ, ಅದರ ಮೇಲೆ ಬಾಡಿಗೆಗೆ ಒಂದು. ಓಣಿ 12 ಅಡಿ. ಮುಂದಿನ ರಸ್ತೆ ಎಷ್ಟು ಕಿರಿದೋ ಕಟ್ಟುವ ಅವಕಾಶವೂ ಅಷ್ಟು ಕಡಿಮೆ. ಬೆಂಕಿ ಹತ್ತಿದರೆ ಗಾಡಿ ಒಳಗೆ ಬರಬೇಕಲ್ವಾ? ಅಂಗಡಿ ಅಂದರೆ ವಾಹನ ನಿಲ್ಲಿಸುವ ಜಾಗ ತೋರಿಸಬೇಕು. ಅದನ್ನು ಎಲ್ಲಿಂದ ತರೋದು? ಎರಡು ವಾರ ಮಾತುಕತೆ ಆಯಿತು. ಕೊನೆಗೆ ನೆಲಮನೆ, ಒಂದು ಮಹಡಿ. ಅಂಗಡಿ ಇಲ್ಲ.

ಸಾಮಾಯಿಕ ಗೋಡೆಯನ್ನು ಮುಟ್ಟದೆ, ನಮ್ಮ ಕಾಲಂಗಳನ್ನು ಅದರ ಒಳಗೆ ಬೇರೆಯಾಗಿ ನಿಲ್ಲಿಸಿದೆ. ಅಗಲದಲ್ಲಿ ಜಾಗ ಹೋಯಿತು. ಆದರೆ ಪಕ್ಕದ ಮನೆ ಉಳಿಯಿತು, ದೂರೂ ಮುಗಿಯಿತು. ಬಿರುಕು ಮುಚ್ಚಿಸುವ ಖರ್ಚು ಇವರೇ ಕೊಟ್ಟರು. ನಡುವೆ ಆರು ಅಡಿಗೆ ಏಳು ಅಡಿ ಆಕಾಶಕ್ಕೆ ತೆರೆದ ಚೌಕ ಬಿಟ್ಟೆ. ಎರಡೂ ಬದಿ ಮನೆಗಳು ಒತ್ತಿಕೊಂಡಿರುವಲ್ಲಿ ಗಾಳಿ-ಬೆಳಕು ಬರುವುದು ಅಲ್ಲಿಂದಲೇ. ಹಳೇ ಮನೆಯ ಬೆಳಕಿಂಡಿ ಮಾಡುತ್ತಿದ್ದದ್ದೂ ಅದೇ ಕೆಲಸ.

ಈಗ ನಕ್ಷೆ ಆನ್‌ಲೈನ್‌ನಲ್ಲಿ ಹೋಗುತ್ತದೆ. ಎಲ್‌ಬಿಪಿಎಎಸ್ ಅನ್ನೋ ವ್ಯವಸ್ಥೆ. ಕಂಪ್ಯೂಟರೇ ಮೊದಲು ಅಳೆಯುತ್ತದೆ. ನಿವೇಶನದ ಗೆರೆ ಒಂದು ಲೇಯರ್, ಕಟ್ಟಡದ್ದು ಒಂದು, ಕೊಠಡಿಗಳದ್ದು ಒಂದು. ಕೊಠಡಿಯ ನಾಲ್ಕು ಗೆರೆ ಮೂಲೆಯಲ್ಲಿ ಕೂದಲೆಳೆಯಷ್ಟು ಬಾಯಿ ಬಿಟ್ಟಿದ್ದರೂ ಅದಕ್ಕೆ ಅದು ಕೊಠಡಿ ಅಲ್ಲ. ಮೊದಲ ಸಲ ಬಚ್ಚಲಮನೆಯ ಗೆರೆ ಕೂಡಿರಲಿಲ್ಲ. ಎರಡನೇ ಸಲ ಚೌಕವನ್ನು ಕಟ್ಟಿದ ಜಾಗ ಅಂತ ಎಣಿಸಿತು, ನಾನು ತಪ್ಪು ಲೇಯರ್‌ನಲ್ಲಿ ಹಾಕಿದ್ದೆ. ಮೂರನೇ ಸಲ ಹೋಯಿತು. ಉತಾರ, ಋಣಭಾರ, ಕರದ ರಸೀದಿ, ನಾಲ್ಕೂ ಜನರ ಸಹಿ, ಸ್ಟ್ರಕ್ಚರಲ್ ಎಂಜಿನಿಯರ್ ಪತ್ರ, ಹಳೇ ನೋಟಿಸು, ಅದಕ್ಕೆ ಕೊಟ್ಟ ಉತ್ತರ ಎಲ್ಲಾ ಜೊತೆಗಿಟ್ಟೆವು. ನೋಟಿಸ್ ಬಂದದ್ದನ್ನು ಮುಚ್ಚಿಡಬಾರದು. ಅದು ಹೇಗೂ ಕಡತದಲ್ಲಿ ಇದ್ದೇ ಇರುತ್ತದೆ.

ಸ್ಥಳ ನೋಡಿ ಹೋದರು. ಪರವಾನಗಿ ಶುಲ್ಕ, ಅಭಿವೃದ್ಧಿ ಶುಲ್ಕ, ಪರವಾನಗಿ ಇಲ್ಲದೆ ಶುರುಮಾಡಿದ್ದಕ್ಕೆ ದಂಡ ಎಲ್ಲಾ ಚಲನ್‌ನಲ್ಲಿ ತುಂಬಿದೆವು. ಆಗ ಮನೆ ಕಟ್ಟುವ ವೆಚ್ಚ 10 ಲಕ್ಷ ದಾಟಿದರೆ ಕಟ್ಟಡ ಕಾರ್ಮಿಕರ ಕಲ್ಯಾಣಕ್ಕೆ ಶೇ 1 ಸೆಸ್ ಇತ್ತು. ನಮ್ಮ ಅಂದಾಜು 28 ಲಕ್ಷ, ಸೆಸ್ 28 ಸಾವಿರ. ಹಿರಿಮಗ ಇದ್ಯಾಕೆ ಅಂತ ಕೇಳಿದ. ನಿನ್ನ ಮನೆ ಕಟ್ಟುವ ಗೌಂಡಿಗೆ, ಕಲ್ಲು ಹೊರುವ ಹೆಣ್ಣುಮಗಳಿಗೆ, ಅವರ ಮಕ್ಕಳ ಓದಿಗೆ ಹೋಗುವ ಹಣ ಇದು ಅಂದೆ. ಅವನು ಮತ್ತೆ ಕೇಳಲಿಲ್ಲ. ಆ ಗೌಂಡಿಯ ಹತ್ತಿರ ಕಾರ್ಮಿಕರ ಕಾರ್ಡ್ ಇದೆಯೋ ಇಲ್ಲವೋ ಅಂತ ಅವನೇ ವಿಚಾರಿಸಿ ಮಾಡಿಸಿಕೊಟ್ಟ.

2025ರ ಜೂನ್‌ನಲ್ಲಿ ಪರವಾನಗಿ ಕೈಗೆ ಬಂತು.

ಕಟ್ಟುವಾಗ

ಕಟ್ಟುವ ಕೆಲಸದ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಹಗೇವನ್ನು ಪೂರ್ತಿ ಖಾಲಿ ಮಾಡಿ, ತಳದಿಂದ ಕಾಂಕ್ರೀಟ್ ತುಂಬಿ ಮೇಲೆ ಬಂದೆವು. ಪ್ಲಿಂತ್, ಅಂದರೆ ನೆಲಗಟ್ಟಿನ ಮಟ್ಟಕ್ಕೆ ಬಂದಾಗ ತಿಳಿಸಿ ಅಳತೆ ತೋರಿಸಿದೆವು.

ಒಂದೇ ಸಲ ಜಗಳ ಆಯಿತು. ಮೊದಲ ಸ್ಲ್ಯಾಬಿನ ಹಿಂದಿನ ದಿನ ಹೋದರೆ ಸೆಂಟ್ರಿಂಗ್ ಹಲಗೆ ಓಣಿಯ ಮೇಲೆ ಎರಡೂವರೆ ಅಡಿ ಹೊರಗೆ ಬಂದಿತ್ತು. ಬಾಲ್ಕನಿ. 'ಎಲ್ಲಾರೂ ಬಿಡತಾರ್ರಿ, ಕೆಳಗ ಅಂತೂ ಕಟ್ಟಿ ಹೋತು, ಮ್ಯಾಲಾದರೂ ತಗೋತೀವಿ' ಅಂದ ಹಿರಿಮಗ. ಹಲಗೆ ಹಿಂದೆ ತೆಗೆಯುವವರೆಗೆ ಕಾಂಕ್ರೀಟ್ ಗಾಡಿ ಬರಲು ಬಿಡುವುದಿಲ್ಲ ಅಂದೆ. ನನ್ನ ಸಹಿ ಇರುವ ನಕ್ಷೆ ಅದು. ಕಲಂ 310ರಡಿ ಕಟ್ಟಡ ಮುಗಿದ ಪತ್ರಕ್ಕೆ ಹಾಕುವಾಗ ನಕ್ಷೆ ಒಂದು, ಕಟ್ಟಿದ್ದು ಒಂದು ಆದರೆ ಎಲ್ಲಾ ಶ್ರಮ ನೀರಿಗೆ ಹೋಗುತ್ತದೆ.

ಅದರ ಬಿಸಿ ಈಗ ಜಾಸ್ತಿ. ನಾವು ದಾಖಲೆ ತಿದ್ದಿಸುತ್ತಿದ್ದ ಹೊತ್ತಲ್ಲೇ, 2024ರ ಡಿಸೆಂಬರ್ 17ರಂದು ಸುಪ್ರೀಂ ಕೋರ್ಟ್ ತೀರ್ಪು ಬಂತು. ಮುಗಿದ ಪತ್ರ, ವಾಸಯೋಗ್ಯ ಪತ್ರ ನೋಡಿಯೇ ಕರೆಂಟು-ನೀರು ಕೊಡಬೇಕು, ಬ್ಯಾಂಕುಗಳೂ ಅದನ್ನು ನೋಡಿಯೇ ಸಾಲ ಕೊಡಬೇಕು ಅಂತ. ಆಮೇಲೆ ರಾಜ್ಯದಲ್ಲಿ 1200 ಚದರಡಿವರೆಗಿನ ನಿವೇಶನದ ಸಣ್ಣ ಮನೆಗಳಿಗೆ ರಿಯಾಯಿತಿ ಬಂತು. ನಮ್ಮದು 1221. ಇಪ್ಪತ್ತೊಂದು ಚದರಡಿ ಜಾಸ್ತಿ. ಬಾಲ್ಕನಿ ಬಿಟ್ಟಿದ್ದರೆ ಮೀಟರ್ ಹತ್ತುವ ಹೊತ್ತಿಗೆ ಏನಾಗುತ್ತಿತ್ತು ಅಂತ ಆಮೇಲೆ ಹಿರಿಮಗನೇ ಹೇಳಿಕೊಂಡ.

ನಕ್ಷೆಯಲ್ಲಿ ಮುಂದುಗಡೆ ಗೆರೆಯ ಒಳಗೆ ಸ್ವಲ್ಪ ಜಾಗ ಬಿಡಲೇಬೇಕಿತ್ತು. ಹಳೇ ಕಟ್ಟೆಯ ಕಲ್ಲುಗಳನ್ನು ಒಡೆದು ಪಾಯಕ್ಕೆ ಹಾಕುವ ಯೋಚನೆಯಲ್ಲಿದ್ದರು. ಬೇಡ ಅಂದೆ. ಅದರಲ್ಲಿ ಚೆನ್ನಾಗಿದ್ದ ಎರಡು ಹಾಸುಗಲ್ಲು ತೆಗೆದು, ಆ ಬಿಟ್ಟ ಜಾಗದಲ್ಲಿ ಬಾಗಿಲ ಬಲಕ್ಕೆ ಇಡಿಸಿದೆ. ನಡುವೆ ಕಾಲು ತಾಗಿ ತಾಗಿ ನುಣುಪಾದ ಕಲ್ಲುಗಳು. ಈಗ ಅವು ಸುಣ್ಣದ ಗೆರೆ ಬಿದ್ದ ಜಾಗದಿಂದ ಒಂದು ಗೇಣು ಒಳಗಿವೆ.

2026ರ ಆರಂಭದಲ್ಲಿ ಮುಗಿದ ಪತ್ರಕ್ಕೆ ಅರ್ಜಿ ಹಾಕಿದೆವು. ಗೃಹಪ್ರವೇಶದ ದಿನ ಪಕ್ಕದ ಮನೆಯವರೂ ಊಟಕ್ಕೆ ಬಂದಿದ್ದರು. ಊಟ ಆದಮೇಲೆ ಕಿರಿಮಗ ಹೊಸ ಉತಾರದ ಪ್ರತಿ ತಂದು ತೋರಿಸಿದ. ನಾಲ್ಕು ಹೆಸರು, ಒಂದರ ಕೆಳಗೆ ಒಂದು. ಗದಗದ ಮಗಳು ಅದನ್ನು ನಿಧಾನಕ್ಕೆ ಓದಿದರು. ಆಮೇಲೆ ಅಣ್ಣನಿಗೆ ಒಂದು ಝೆರಾಕ್ಸ್ ಮಾಡಿಸಿಕೊಡು ಅಂದರು. ಅವನು ಓಣಿಯ ತುದಿಯ ಅಂಗಡಿಗೆ ಹೋಗಿ ಎರಡು ಮಾಡಿಸಿಕೊಂಡು ಬಂದ. ಒಂದನ್ನು ಆಕೆ ಮಡಚಿ ಪರ್ಸಿನಲ್ಲಿ ಇಟ್ಟುಕೊಂಡು ಸಂಜೆಯ ಗದಗ ಬಸ್ ಹತ್ತಿದರು.